ಬಾಜೂ ಮನಿ

ಹೈಕೋರ್ಟ್ ಪೀಠದ ಗೇಟಿನೆದುರು, ಝೆರಾಕ್ಸ್ ಅಂಗಡಿಯ ಮೂಲೆಯಲ್ಲಿ
ಪುಟಕ್ಕೆ ಹದಿನೈದು ರೂಪಾಯಿಗೆ ಟೈಪು ಮಾಡುವವನು ನಾನು.
ಕಲಬುರಗಿಯ ಬಿಸಿಲು. ಫ್ಯಾನು ತಿರುಗಿದರೆ ಹಾಳೆ ಹಾರುತ್ತವೆ,
ನಿಂತರೆ ನಾವು.

ಕಾಶಮ್ಮ ಚಿತ್ತಾಪುರದ ಆಚೆಯಿಂದ ಬಂದಾಕಿ.
ಚೀಲದೊಳಗೆ ಚೀಲ, ಅದರೊಳಗೆ ಆದೇಶದ ನಕಲು,
ಮಡಿಕೆಗುಂಟ ಹರಿದು ನಾಲ್ಕು ತುಂಡು.

'ಮೂರು ತಿಂಗಳೊಳಗಾಗಿ ಅರ್ಜಿದಾರರ ಓಣಿಯ ಸ್ಮಶಾನಕ್ಕೆ
ಹೋಗುವ ದಾರಿಯನ್ನು ತೆರವು ಮಾಡತಕ್ಕದ್ದು.'
ತಕ್ಕದ್ದು. ಎಂಥ ಗಟ್ಟಿ ಶಬ್ದ.
ಆ ದಾರಿಗೆ ಅಡ್ಡ ಇವತ್ತಿಗೂ ಶಹಾಬಾದಿನ ಪರ್ಸಿ ನಿಂತಿವೆ,
ಆಳೆತ್ತರ. ಅದರಾಚೆ ಯಾರದೋ ತೊಗರಿ.

ನ್ಯಾಯಾಂಗ ನಿಂದನೆ ಹಾಕಬೇಕು ಅಂದೆ.
'ನಿಂದನೆ ಬ್ಯಾಡ್ರಿ ಅಣ್ಣಾ,
ಸಾಹೇಬ್ರಿಗೆ ಒಂದು ಮಾತೂ ಬೈದಾಕಿ ಅಲ್ಲ ನಾ.'
ನೀ ಅಲ್ಲವ್ವ, ಅವರು ಮಾಡಿದ್ದು.
'ಅವರೂ ಬೈದಿಲ್ರಿ. ಹೋದಾಗೊಮ್ಮೆ ಕುಂದ್ರವ್ವ ಅಂತಾರ,
ಒಮ್ಮೆ ಚಹಾ ಸುದ್ದಾ ಕೊಟ್ಟಾರ. ಸುಮ್ಮನ ಅದಾರ, ಅಷ್ಟ.'

ಸುಮ್ಮನಿರುವುದಕ್ಕೇ ಕಾನೂನಿನಲ್ಲಿ ಆ ಹೆಸರು ಅಂತ
ಹೇಗೆ ತಿಳಿಸಲಿ? ಇಪ್ಪತ್ತೆರಡು ವರ್ಷದಿಂದ
ನನ್ನ ಬೆರಳಿಗೆ ಗೊತ್ತು, ಬಾಯಿಗೆ ಗೊತ್ತಿಲ್ಲ.

ಮೊದಲು ಎದುರುದಾರರು. ನಿಂದನೆಗೆ ಹುದ್ದೆ ಸಾಲದು,
ಮನುಷ್ಯನ ಹೆಸರು ಬೇಕು.
ತಹಶೀಲ್ದಾರರ ಕುರ್ಚಿಗೆ ಈ ವರ್ಷ ಮೂರು ಮಂದಿ ಬಂದು ಹೋಗಿದ್ದಾರೆ;
ಯಾರು ಯಾವ ತಿಂಗಳು ಸುಮ್ಮನಿದ್ದರೋ.

ಆಮೇಲೆ ಅರ್ಜಿದಾರರು.
ಆದೇಶದಲ್ಲಿ ಒಂದೇ ಹೆಸರು: ಜಟ್ಟೆಪ್ಪ ತಂದೆ ಮಾಪಣ್ಣ, ವಯಸ್ಸು ೬೧.
ಎಲ್ಲಿ ಆತ?
ಕಾಶಮ್ಮ ಕೈ ಎತ್ತಿ ರಿಂಗ್ ರೋಡಿನಾಚೆ ತೋರಿದಳು.
'ಪುಷ್ಯದಾಗ ಹೋದ. ಹಳ್ಳ ಸುತ್ತಿ ಒಯ್ದೆವು.
ಎರಡು ಕಡೆ ಇಳಿಸಿ ದಮ್ಮ ತಗೊಂಡ್ರು.'

ಮಕ್ಕಳು? ಇಲ್ಲ. ಹೆಂಡತಿ? ಆತಗಿಂತ ಮೊದಲೇ.
ನೀ ಏನಾಗಬೇಕು ಆತಗ?
'ಬಾಜೂ ಮನಿ.'

ಮಠಪತಿ ವಕೀಲರು ಫೋನಿನಲ್ಲಿ ಉಗುಳು ನುಂಗಿದರು:
ಆಕಿ ಪಕ್ಷಗಾರಳಲ್ಲ, ಬಾಧಿತಳು ಅಂತ ತೋರಿಸಬೇಕು.
ಇಲ್ಲಾ, ಕೋರ್ಟು ತಾನಾಗೇ ಕೇಳಬೇಕು. ಕೇಳಲೂಬಹುದು.
ಗಡುವಿಗೆ ಹನ್ನೊಂದು ದಿನ ಉಳಿದಾವ, ನೋಡು.

ಬಾಧಿತ. ದಾರಿ ಸಿಗದೆ ಹೋದವನು ಸಹಿ ಹಾಕಲಾರ.
ಹೊತ್ತವರ ಹೆಗಲಿಗೆ ವಕಾಲತ್ತು ಇಲ್ಲ.
ಇನ್ನು ಆ ಓಣಿಯಲ್ಲಿ ಮುಂದೆ ಸಾಯುವವರು,
ಅವರ ಪಟ್ಟಿಯನ್ನು ಯಾವ ಅನುಬಂಧಕ್ಕೆ ಸೇರಿಸಲಿ?

'ನಂದೂ ಅದೇ ದಾರೀರಿ,' ಅಂದಳು ಕಾಶಮ್ಮ,
ಚಿತ್ತಾಪುರದ ಬಸ್ಸು ಎಷ್ಟಕ್ಕೆ ಅಂತ ಕೇಳಿದ ಹಾಗೆ.

ವಯಸ್ಸು?
'ಬರಕೋರಿ, ನಿಮಗ ಕಂಡಷ್ಟು.'
ಐವತ್ತೆಂಟು ಅಂತ ಬರೆದೆ. ಸಂಬಂಧ ಎಂಬಲ್ಲಿ
ಬಾಜೂ ಮನಿ ಎಂದೇ ಹೊಡೆದೆ. ವಕೀಲರು ತಿದ್ದಿಕೊಳ್ಳಲಿ.

ಪ್ರಿಂಟರಿನಲ್ಲಿ ಹಾಳೆ ಮುಗಿದಿತ್ತು.
ತರುತ್ತೇನೆ, ಕುಂದ್ರವ್ವ ಅಂದೆ.
ಅಂದ ಮೇಲೆ ನೆನಪಾಯಿತು
ಆ ಮಾತನ್ನು ಅವಳು ಎಲ್ಲೆಲ್ಲಿ ಕೇಳಿ ಬಂದಿದ್ದಾಳೆಂದು.