ಬಿ ಗುಂಪಿನ ದೋಣಿ

ಮೂಗಿನ ಬುಡದಿಂದ ಹಿಂದಲೆಯ ಉಬ್ಬಿನವರೆಗೆ
ಟೇಪು ಹಿಡಿದು ಅಳೆಯುತ್ತೇನೆ: ಮೂವತ್ತನಾಲ್ಕು ಸೆಂಟಿಮೀಟರು.
ನಟ್ಟನಡುವೆ ಕೆಂಪು ಪೆನ್ಸಿಲಿನ ಚುಕ್ಕೆ.
ಕೂದಲು ಬಗೆದು ತಣ್ಣನೆ ಅಂಟು ಹಚ್ಚುವಾಗ
ವೀಬ್ರೆನ್ ಕೇಳುತ್ತಾನೆ: ಇದು ಮೀನೆಣ್ಣೆಯಾ?
ಅಲ್ಲ, ಉಪ್ಪು.
ಹಾಗಾದರೆ ಸಮುದ್ರ, ಅನ್ನುತ್ತಾನೆ.
ಒಂಬತ್ತು ವರ್ಷ. ಅವನು ಕುರ್ಚಿಯಲ್ಲಿದ್ದರೂ
ಕಾಲುಗಳು ಊರೂರು ಸುತ್ತುತ್ತವೆ.

ಲೇವಾರ್ಡನ್ನಿನ ಈ ಮೂರನೆಯ ಮಹಡಿಗೆ
ವಾರಕ್ಕೆರಡು ಸಲ, ಹದಿನೈದು ವಾರ.
ಪರದೆಯ ಮೇಲೊಂದು ಕಾಲುವೆ,
ಕಾಲುವೆಯಲ್ಲಿ ಕಂದು ಹಾಯಿಯ ದೋಣಿ.
ಮನಸ್ಸು ನಿಂತರೆ ದೋಣಿ ಓಡುತ್ತದೆ,
ಮನಸ್ಸು ಓಡಿದರೆ ದೋಣಿ ನಿಲ್ಲುತ್ತದೆ.
ಮನಸ್ಸನ್ನ ಹೇಗೆ ನಿಲ್ಲಿಸೋದು? ಅಂದ ಮೊದಲ ದಿನ.
ನನಗೂ ಗೊತ್ತಿಲ್ಲ ಮಾರಾಯ.
ಮೆದುಳು ತಾನೇ ಕಲಿಯುತ್ತದಂತೆ,
ಬಿದ್ದು ಬಿದ್ದು ಸೈಕಲ್ಲು ಕಲಿತ ಹಾಗೆ.

ನನ್ನ ಸಂಬಳ, ಈ ಕೋಣೆ, ಹೀಟರಿನ ಕರೆಂಟು,
ಎಲ್ಲ ಆ ಒಂದು ಅಂತೆಯ ಮೇಲೆ ನಿಂತಿವೆ.
ಅದು ಅಂತೆಯೋ ಕಂತೆಯೋ ತಿಳಿಯಲಿಕ್ಕೇ ಈ ಪರೀಕ್ಷೆ:
ಅರ್ಧ ಮಕ್ಕಳ ಹಾಯಿಗೆ ತಮ್ಮದೇ ತಲೆಯ ಗಾಳಿ,
ಇನ್ನರ್ಧಕ್ಕೆ ಯಾವಾಗಲೋ ಮುದ್ರಿಸಿಟ್ಟ
ಬೇರೆ ಯಾವುದೋ ಮಗುವಿನ ಅಲೆ.
ಯಾರಿಗೆ ಯಾವುದು ಅನ್ನುವುದು ಲಕೋಟೆಯೊಳಗೆ.
ನನಗೂ ತಿಳಿಯಕೂಡದು.

ಆರನೆಯ ವಾರ ಕಾಲುಗಳು ಮನೆಗೆ ಬಂದವು.
ಹತ್ತನೆಯ ವಾರ ಟೀಚರಿನ ಚೀಟಿ: ಇಂದು ಇಡೀ ಪುಟ ಬರೆದ.
ಅಮ್ಮ ಹಿಲ್ಟ್ಯೆ ಸಕ್ಕರೆ ಹರಳಿನ ಬ್ರೆಡ್ಡು ತಂದಳು,
ಬಟ್ಟೆಯಲ್ಲಿ ಸುತ್ತಿ, ಇನ್ನೂ ಬಿಸಿ.
ಅಂಟಿನ ಕೈಯಲ್ಲೇ ತಿಂದೆ.

ವಸಂತದಲ್ಲಿ ಲಕೋಟೆ ಒಡೆದರು.
ವೀಬ್ರೆನ್: ಬಿ ಗುಂಪು. ಹುಸಿ.
ಮೂವತ್ತು ಸಲವೂ ಅವನ ದೋಣಿ ಓಡಿದ್ದು ಮತ್ತೊಬ್ಬರ ಉಸಿರಿಗೆ.
ಡಾಕ್ಟರ್ ನಿಂಕೆ ಗೋಡೆಯ ಮೇಲೆ ಗೆರೆಗಳನ್ನು ತೋರಿಸಿದಳು:
ಎ ಏರಿದೆ, ಬಿ ಏರಿದೆ,
ನಡುವೆ ಒಂದು ಕೂದಲು ತೂರುವಷ್ಟು ಸಂದು.
ಹಾಗಾದರೆ ಯಾವುದರಿಂದ?
ಉಪ್ಪಿನ ಅಂಟಿನಿಂದಲೆ? ನೆತ್ತಿ ಮುಟ್ಟುವ ಕೈಯಿಂದಲೆ?
ಬಸ್ಸಿನಲ್ಲಿ ಅಮ್ಮನ ಪಕ್ಕ ಕೂತ ನಲವತ್ತು ನಿಮಿಷದಿಂದಲೆ?
ಅಥವಾ ಬರೀ ಹತ್ತು ತುಂಬಿದ್ದರಿಂದಲೆ?
ಆ ಕಾಲಂ ನಮ್ಮ ಹಾಳೆಯಲ್ಲಿಲ್ಲ.

ಕೊನೆಯ ಅಳತೆಯ ದಿನ ಅಪ್ಪ ಗೊಸ್ಸೆ ಬಂದ.
ಸೇತುವೆ ಕಾಯುವವನು. ದೋಣಿ ಬಂದರೆ ಗಾಡಿಗಳ ತಡೆದು,
ಸೇತುವೆ ಎತ್ತಿ, ಗಾಳದ ಕೋಲಿಗೆ ಕಟ್ಟಿದ ಮರದ ಬೂಟನ್ನು
ಕೆಳಗೆ ಇಳಿಬಿಟ್ಟು ಸುಂಕದ ನಾಣ್ಯ ಹಿಡಿಯುತ್ತಾನೆ.
ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ಕೂರುವ ಕೆಲಸ.
ಮನೆಗೊಂದು ಯಂತ್ರ ಕೊಳ್ಳಲೆ? ಎರಡು ಸಾವಿರ ಯೂರೋ,
ಮೋಟಾರುಬೈಕು ಮಾರಿದರೆ ಆಗುತ್ತೆ.

ಹೇಳಿದೆ. ಎಲ್ಲ ಹೇಳಿದೆ.
ಅವನ ಮುಖ ಎತ್ತಿದ ಸೇತುವೆ:
ಈಚೆಯಿಂದ ಆಚೆಗೆ ಏನೂ ದಾಟಲಿಲ್ಲ.

ನಡುವೆ ಹುಡುಗನೇ ಬಾಯಿ ಹಾಕಿದ:
ನನಗೆ ಗೊತ್ತಿತ್ತು.
ನಾಲ್ಕನೇ ಸಲ ಬೇಕಂತಲೇ ಫುಟ್ಬಾಲು ನೆನೆಸಿಕೊಂಡೆ,
ಮೇಲ್ಚಾವಣಿ ನೋಡಿದೆ. ಆದರೂ ಓಡಿತು.
ನಾನು ಗಟ್ಟಿ ಕೂತಾಗಲೇ ನಿಂತಿತು.
ಒಳಗೆ ಬೇರೆ ಯಾರೋ ಇದ್ದರು.

ಯಾಕೆ ಹೇಳಲಿಲ್ಲ?

ಅವನೂ ನನ್ನ ಹಾಗೇ ಮತ್ತೆ ಮತ್ತೆ ನಿಲ್ಲುತ್ತಿದ್ದ.
ನಾನೂ ನೋಡದೆ ಹೋದರೆ
ಅಲ್ಲಿ ನೀರಿನ ಮೇಲೆ ಒಬ್ಬನೇ ಆಗ್ತಾನೆ ಅನ್ನಿಸ್ತು.
ಅದಕ್ಕೆ ಕಾದೆ.

ಬರೆದುಕೊಳ್ಳಲು ಹಾಳೆ ತಿರುಗಿಸಿದೆ.
ಇತರೆ ಅನ್ನುವಲ್ಲಿ ಎರಡು ಗೆರೆಯಷ್ಟೇ ಜಾಗ.
ಗೊಸ್ಸೆ ಮಗನ ಕೂದಲಲ್ಲಿ ಒಣಗಿದ ಅಂಟನ್ನು
ಉಗುರಿನಿಂದ ಮೆಲ್ಲಗೆ ಕೆರೆದು ತೆಗೆಯುತ್ತಿದ್ದ.
ಬೈಕಿನ ಮಾತು ಮತ್ತೆ ಎತ್ತಲಿಲ್ಲ.

ಮಂಗಳವಾರ ಬರಲಾ? ಅಂದ ವೀಬ್ರೆನ್.
ಪರೀಕ್ಷೆ ಮುಗಿಯಿತು.
ಗೊತ್ತು. ಆದರೆ ಅವನಿಗೆ
ಯಾರಾದರೂ ಹೇಳಿದ್ದೀರಾ?