ಹೆಚ್ಚು ಕಡಿಮೆ ನಲವತ್ತು

ಕೊಡಗಿನಲ್ಲಿ ಡೈನೋಸಾರ್ ಇಲ್ಲ.
ಶಾಲೆಯ ಮಕ್ಕಳು ಬಂದಾಗ ಮೊದಲು ಇದನ್ನೇ ಹೇಳಿ
ಅವರ ಮುಖ ಬಾಡುವುದನ್ನು ನೋಡುತ್ತೇನೆ.
ಇಲ್ಲಿಯ ಕಲ್ಲಿಗೆ ವಯಸ್ಸು ಜಾಸ್ತಿ ಕಣ್ರೋ,
ಮೂಳೆ ಎಂಬುದೊಂದು ಲೋಕದಲ್ಲಿ ಹುಟ್ಟುವ ಮೊದಲೇ
ಕುದಿದು, ಮಡಿಚಿ, ಗಟ್ಟಿಯಾಗಿ ಕೂತದ್ದು.
ಅದಕ್ಕೆ ಯಾರ ನೆನಪೂ ಇಲ್ಲ.

ನೆನಪಿರುವುದು ಕೆಸರಿಗೆ.

ದೇಚವ್ವನ ಗದ್ದೆಯ ಕೆಳತುದಿಯಲ್ಲಿ
ಉಳುವ ಎತ್ತು ಹೊಟ್ಟೆಯವರೆಗೆ ಹೂತು
ಹಗ್ಗ ಹಾಕಿ ಎಳೆದ ಜಾಗವೊಂದಿದೆ.
ಅಂದಿನಿಂದ ಬೀಳು. ಮುಂಡುಗ, ಜೊಂಡು, ಜಿಗಣೆ.
ನಾನೂ ಜೋಯಪ್ಪನೂ ಹಲಗೆ ಹಾಸಿ ನಿಂತು
ಬೈರಿಗೆ ತಿರುಗಿಸಿದೆವು.
ಗೇಣು ಇಳಿದರೆ ನಾನೂರು ವರ್ಷ.
ಮೇಲೆ ಬಂದದ್ದು ಕಬ್ಬಿನ ಜಲ್ಲೆಯಷ್ಟು ದಪ್ಪ,
ಕಾಚಂಪುಳಿಯಷ್ಟು ಕಪ್ಪು.

ಪೊನ್ನಂಪೇಟೆಯ ನಮ್ಮ ಕೋಣೆಯಲ್ಲಿ
ಮೊದಲು ಕ್ಷಾರದಲ್ಲಿ ಕುದಿಸು. ಜರಡಿ ಹಿಡಿ.
ಆಮೇಲೆ ಆಮ್ಲ. ಗಾಜನ್ನೂ ತಿನ್ನುವಂಥದ್ದು,
ಅದಕ್ಕೇ ಪ್ಲಾಸ್ಟಿಕ್ ಲೋಟ, ಎರಡು ಜೊತೆ ಕೈಗವಸು.
ಮರಳು ಕರಗುತ್ತದೆ. ಬೆಣಚು ಕರಗುತ್ತದೆ.
ಎದುರಿನ ಬೆಟ್ಟವನ್ನೇ ತಂದು ಹಾಕಿದರೂ
ಎಂದಾದರೊಂದು ಸಂಜೆಗೆ ಕರಗೀತು.
ಕರಗದೆ ಉಳಿಯುವುದು
ಹೂವಿನ ಧೂಳು.

ಇದನ್ನು ಮೊದಲ ಸಲ ಕಂಡ ದಿನ
ನನಗೆ ಊಟ ಸೇರಲಿಲ್ಲ.

ಹುಲ್ಲಿನದು ಒಂಟಿಗಣ್ಣು. ನೇರಳೆಯದು ಮುಕ್ಕೋನ.
ಕುರಿಂಜಿಯದು ಗೀರು ಗೀರಿನ ಪುಟ್ಟ ಪೀಪಾಯಿ.
ಮುನ್ನೂರಾಗುವ ತನಕ ಎಣಿಸು, ಗೀಟು ಹಾಕು.
ಮರ ಹೆಚ್ಚಿದ್ದರೆ ಮಳೆ ಇತ್ತು ಎಂದು ಬರೆ.
ಹುಲ್ಲು ಹೆಚ್ಚಿದ್ದರೆ ಮುಂಗಾರು ಸೋತಿತ್ತು,
ಸೋತಿತ್ತು ಎಂದರೆ ಒಂದು ವರ್ಷವಲ್ಲ,
ಹದಿನೈದು ತಲೆಮಾರು
ಆಕಾಶ ನೋಡಿ ನೋಡಿ ಸತ್ತಿರಬೇಕು.
ನನ್ನ ಪುಸ್ತಕದಲ್ಲಿ ಅದು ಒಂದೂವರೆ ಸಾಲು.

ಆರು ಗೇಣಿನ ಕೆಳಗೆ ಮಾತ್ರ
ಅಂಗೈ ಅಗಲದ ಒಂದು ಪಟ್ಟಿ: ಧೂಳಿಲ್ಲ, ಹೂವಿಲ್ಲ,
ಬರೀ ಕಲ್ಲಿನ ಚೂರು.
'ಪ್ರವಾಹದ ಮರಳು' ಎಂದು ಬರೆದಿಟ್ಟಿದ್ದೆ,
ಪಕ್ಕದಲ್ಲೊಂದು ಪ್ರಶ್ನೆಚಿಹ್ನೆ.

ನಾಟಿ ಮುಗಿಸಿ ದೇಚವ್ವ ನೋಡಲು ಬಂದಳು,
ನನ್ನ ಗದ್ದೆಯಲ್ಲಿ ಅದೇನು ಸಿಕ್ಕಿತೆಂದು.
ಆ ಆಗಸ್ಟಿನಲ್ಲಿ ಮನೆ ಕಳೆದುಕೊಂಡವಳು;
ಈಗ ಪುನರ್ವಸತಿ ಕಾಲೊನಿ, ಹನ್ನೆರಡನೇ ನಂಬರು.
ಆ ಪಟ್ಟಿಯ ಮೇಲೆ ಹೆಬ್ಬೆರಳು ಒತ್ತಿದಳು.
"ಹೊಳೆ ತಂದಿದ್ದರೆ ನುಣ್ಣಗಿರುತ್ತಿತ್ತು.
ಇದು ಕೈ ಕೊಯ್ಯುತ್ತದೆ.
ಇದು ಬರೆ ಜರಿದದ್ದು."

ಎಷ್ಟು ವರ್ಷ ಎಂದಳು.
ಕಾಲದ ಲೆಕ್ಕ ಬೇರೆ ಊರಿನಿಂದ ಬಂದಿತ್ತು, ಓದಿ ಹೇಳಿದೆ:
ಎರಡು ಸಾವಿರದ ನಾನೂರು,
ಹೆಚ್ಚು ಕಡಿಮೆ ನಲವತ್ತು.

"ಹೆಚ್ಚು ಕಡಿಮೆ ನಲವತ್ತು,"
ಲೆಕ್ಕ ಒಪ್ಪಿಸುವಂತೆ ತಿರುಗಿ ಹೇಳಿದಳು.
"ನಾನು ಆ ಮನೆಗೆ ಸೊಸೆಯಾಗಿ ಬಂದು
ಅಂದಿಗೆ ಮೂವತ್ತೊಂಬತ್ತಾಗಿತ್ತು."

ಫ್ಯಾನಿನ ಸದ್ದು. ಹೊರಗೆ ಯಾರದೋ ಸ್ಕೂಟರು.

ಆಮೇಲೆ ಅಲ್ಲಿ ಏನು ಬಂತು, ಅದನ್ನು ಹೇಳು ಎಂದಳು.
ಸ್ಲೈಡು ಸರಿಸಿ ತೋರಿಸಿದೆ. ಮೊದಲು ಜರಿಗಿಡ,
ನೀವು ತೆರ್ಮೆ ಎನ್ನುತ್ತೀರಲ್ಲ, ಅದರ ನಂಟರು.
ಕಣ್ಣು ಕಿರಿದು ಮಾಡಿ ಬಹಳ ಹೊತ್ತು ನೋಡಿ ನಕ್ಕಳು.
"ಈಗಲೂ ಅದೇ ಬಂದಿದೆ.
ಅಡುಗೆಕೋಣೆ ಇದ್ದ ಕಡೆಯೇ ಹೆಚ್ಚು.
ಹೋದ ಮಳೆಗೆ ಕೊಯ್ದು ಪಲ್ಯ ಮಾಡಿದೆ."

ಆಮೇಲೆ ಹುಲ್ಲು. ಆಮೇಲೆ ಉಪ್ಪಳಿಗೆ.
ದೂಪದ ಮರ? ಅದಕ್ಕೆ ಒಂದೂವರೆ ಗೇಣು ಬೇಕಾಯಿತು.

ತಟ್ಟೆಯಲ್ಲಿ ಮಲಗಿದ್ದ ಕೆಸರಿನ ಮೇಲೆ
ಅವಳು ಒಂದು ಗೇಣು ಇಟ್ಟಳು,
ಕೈ ಮಡಿಚಿ ಮತ್ತರ್ಧ ಇಟ್ಟಳು,
ಬೆರಳು ನಿಂತಲ್ಲಿ ನಿಲ್ಲಿಸಿ ಸುಮ್ಮನಿದ್ದಳು.

ಮಾದರಿ ಮುಟ್ಟಬಾರದು ಎಂಬ ಚೀಟಿ
ಅವಳ ತಲೆಯ ಮೇಲೆಯೇ ಗೋಡೆಯಲ್ಲಿತ್ತು.
ಬರೆದವನು ನಾನೇ.