ಎರವಲು ಗಂಟಲು

ಹತ್ತೊಂಬತ್ತು ಸಿನಿಮಾಗಳಲ್ಲಿ ಅವನು ಕಲೆಕ್ಟರ್.
ಹತ್ತೊಂಬತ್ತರಲ್ಲೂ ಅವನ ಗಂಟಲು ನಾನು.

ಪಾಸ್‌ಪೋರ್ಟಿನಲ್ಲಿ ಓವಿದ್ಯು, ರೊಮೇನಿಯಾದ ಕ್ಲೂಜ್ ಊರಿನವನು.
ಲೈಟ್ ಬಾಯ್‌ಗಳ ನಾಲಗೆ ಹೊರಳದೆ
ಬೆಳಗಿನ ತಿಂಡಿಗೆ ಗೋವಿಂದು ಆದ,
ಪ್ಯಾಕಪ್ಪಿನ ಹೊತ್ತಿಗೆ ಗೋವಿಂದಣ್ಣ.

ಡಾಕ್ಟರಿಕೆ ಓದಲು ಅಲ್ಲಿಗೆ ಹೋದ ತಾರಾಮತಿ
ಎಂಬತ್ತೊಂದರಲ್ಲಿ ಎರಡು ಸೂಟ್‌ಕೇಸು, ಒಂದು ಸ್ಟೆತಾಸ್ಕೋಪು,
ಒಬ್ಬ ಗಂಡನ ಸಮೇತ ಕಾಕ್ಸ್ ಟೌನಿಗೆ ಮರಳಿದಳು.
ಅವಳು ಕೆಳಗೆ ಕ್ಲಿನಿಕ್ಕಿನಲ್ಲಿ ನಾಡಿ ಹಿಡಿದರೆ
ಇವನು ಮಹಡಿಯಲ್ಲಿ ಕನ್ನಡಿಯೆದುರು
ಯಾವುದೋ ರಾಜನಾಗಿ ದಿನಾ ಸಾಯುತ್ತಿದ್ದ.
ಜ್ವರದ ಮಕ್ಕಳು ಚೀಟಿ ಹಿಡಿದು ಮೆಟ್ಟಿಲ ಮೇಲೆ ಕೂತು
ಟಿಕೆಟ್ಟಿಲ್ಲದೆ ನೋಡುತ್ತಿದ್ದವು.

ಗಾಂಧಿನಗರಕ್ಕೆ ಬೇಕಾದದ್ದು ಬಿಳಿ ಚರ್ಮ, ಕೆಂಚು ಮೀಸೆ.
ಕುದುರೆ ಸವಾರಿ ಬಂದರೆ ದಿನಕ್ಕೆ ನೂರು ಹೆಚ್ಚು.
ಬರುತ್ತಿರಲಿಲ್ಲ. ಹತ್ತಿದ.

ತುಟಿ ಅಲ್ಲಾಡಿದರೆ ಸಾಕು, ಮಾತು ಆಮೇಲೆ ತುಂಬ್ತೀವಿ,
ಸುಮ್ಮನೆ ಎಣಿಸಿ ಅಂದರು ಡೈರೆಕ್ಟರು.
ತನ್ನ ಭಾಷೆಯಲ್ಲಿ ಎಣಿಸಿದ:
ಉನು, ದೊಯ್, ತ್ರೇಯ್, ಪಾತ್ರು...
(ಪಾತ್ರು ಎಂದರೆ ನಾಲ್ಕಂತೆ. ನಾನು ಬೇರೇನೋ ಅಂದುಕೊಂಡಿದ್ದೆ.)
ಹನ್ನೆರಡು ಮುಟ್ಟುವಷ್ಟರಲ್ಲಿ ಕಣ್ಣಲ್ಲಿ ಅದೆಂಥ ಉರಿ,
ಎದುರು ಕೈಮುಗಿದು ನಿಂತ ದಿನಗೂಲಿ ನಟ
ನಿಜಕ್ಕೂ ನಡುಗಿಬಿಟ್ಟ.

ಆ ಹನ್ನೆರಡು ಅಂಕಿಗಳ ಮೇಲೆ ನಾನು
ಶೇಷಾದ್ರಿಪುರದ ಡಬ್ಬಿಂಗ್ ಕತ್ತಲಲ್ಲಿ, ಬಿಸಿನೀರು ಗುಟುಕರಿಸುತ್ತ,
"ಕಂಡಾಯ ಕಟ್ಟೋಡಿಲ್ಲ ಅಂಟೀಯಾ? ನೇಣಿಗೆ ಹಾಕ್ಟೀನಿ!" ಎಂದು ಹೊಲಿದೆ.
ಒಬ್ಬನೇ ಒಬ್ಬ ಇಂಗ್ಲಿಷರವನನ್ನೂ ಮಾತಾಡಿಸದವನು ನಾನು.
ಆದರೂ ಆ ಹರುಕು ಕನ್ನಡವನ್ನು ಹರಿದದ್ದು ನಾನೇ.
ತಕಾರ ಕಿತ್ತು ಟಕಾರ ಕೂರಿಸುವ ಹಲ್ಲಿನ ಡಾಕ್ಟರು.
ಯಾವ ಅಕ್ಷರ ಕಿತ್ತರೆ ಗಾಂಧಿ ಕ್ಲಾಸಿನಲ್ಲಿ
ಸೀಟಿ ಬೀಳುತ್ತದೆಂದು ಗೊತ್ತಿತ್ತು.

ಅವನು ಗುಂಡು ತಿಂದು ಸತ್ತ, ಬಾವಿಗೆ ಬಿದ್ದು ಸತ್ತ,
ಒಮ್ಮೆ ಎಮ್ಮೆ ಹಾಯ್ದು.
ನಾನು ಎಲ್ಲ ಸಲವೂ ಒಂದೇ "ಆ..." ಕೊಟ್ಟೆ,
ಪೇಮೆಂಟು ಒಂದೇ ಇತ್ತು.

ಆಮೇಲೆ ಕಲೆಕ್ಟರುಗಳ ಕಾಲ ಮುಗಿಯಿತು.
ಹನುಮಂತನಗರದ ಹುಡುಗರ ತಂಡವೊಂದು ಅವನನ್ನು ಕರೆದು
ಕಬ್ಬನ್‌ಪೇಟೆಯ ಮುದಿ ದರ್ಜಿಯ ಪಾತ್ರ ಕೊಟ್ಟಿತು.
ಕಲಾಕ್ಷೇತ್ರ, ನಾಲ್ಕನೇ ಸಾಲು, ನನಗೆ ಫ್ರೀ ಪಾಸು.
ಅವನು ಬಂದ. ಸೂಜಿಗೆ ದಾರ ಪೋಣಿಸಿದ. ಬಾಯಿ ತೆರೆದ.
ಅಭ್ಯಾಸಬಲ, ಮೊದಲು ಅಲ್ಲಾಡಿದ್ದು ನನ್ನ ತುಟಿ.

"ಬಾ ತಾಯಿ, ಕೂತ್ಕೋ. ತೋಳು ಬಿಗಿ ಆಯ್ತಾ?"

ಇಪ್ಪತ್ತೆರಡು ವರ್ಷ ಹೆಂಡತಿಯ ರೋಗಿಗಳಿಂದ ಕಲಿತ ಕನ್ನಡ.
ಕೆಮ್ಮು, ಕಫ, ಸಂಕೋಚ ಎಲ್ಲ ಸೋಸಿ ಬಂದದ್ದು.
ದನಿ ತೆಳು, ನನ್ನದಕ್ಕಿಂತ ತುಂಬ ತೆಳು.
ತಕಾರಗಳೆಲ್ಲ ಇದ್ದಲ್ಲೇ ಇದ್ದವು.
ಹಿಂದಿನ ಸಾಲಿನಿಂದ ಯಾರೋ ಅಂದರು:
"ಇದು ಅವನ ವಾಯ್ಸ್ ಅಲ್ಲ ಗುರು, ಯಾರೋ ಡಬ್ ಮಾಡ್ತಿದಾರೆ."
ನಾನು ತಿರುಗಿ ನೋಡಲಿಲ್ಲ.
ಅವಮಾನವೋ ಹೆಮ್ಮೆಯೋ, ಕಿವಿಯಂತೂ ಕಾದಿತ್ತು.

ಹೋದ ಫೆಬ್ರವರಿ ಕಲ್ಪಳ್ಳಿಯ ಸ್ಮಶಾನ. ಹನ್ನೊಂದು ಜನ.
ಟೀವಿಯವರು ಹಾಕಿದ ಕ್ಲಿಪ್ಪಿನಲ್ಲಿ ಬೆಳಗಿನಿಂದ
ನಾನೇ ನೇಣಿಗೆ ಹಾಕುತ್ತಿದ್ದೆ.
ಎರಡು ಮಾತಾಡಿ ಎಂದರು. ನನಗೆ ಬರುವುದು
ಬೇರೆಯವರ ತುಟಿಗೆ ಕೂರುವ ಮಾತು.
ಅವನ ತುಟಿ ಮುಚ್ಚಿತ್ತು.
ತೋಚದೆ ಎಣಿಸಿದೆ: ಉನು, ದೊಯ್, ತ್ರೇಯ್,
ಪಾತ್ರು, ಚಿಂಚ್, ಶಾಸೆ...
ಅಲ್ಲಿ ನಿಂತೆ. ಮುಂದಿನದು ಮರೆತಿತ್ತು.

"ಶಾಪ್ತೆ" ಎಂದಳು ತಾರಾಮತಿ,
ಗಾಲಿಕುರ್ಚಿಯಿಂದ, ಔಷಧಿಯ ಹೆಸರು ಹೇಳುವ ಹಾಗೆ.
ನಾನು ಎಂಟಕ್ಕೆ ಹೋದೆ.